ಬಣ್ಣವನ್ನು ಕೊನೆಗೆ ನೋಡು, ತಮ್ಮಾ

ತಮ್ಮಾ,

ಹೊಲದ ಬದುವಿನಲ್ಲಿ ಕಂಡ ಹಾವಿನ ಫೋಟೋ ಕಳಿಸಿ, "ಕಾಕಾ, ಇದ್ಯಾವ ಹಾವು? ಮೈ ಕಂದು ಇತ್ತು" ಅಂತ ಕೇಳಿದ್ದಿ. ನಮ್ಮ ನವಲಗುಂದದ ಕಡೆ ಕಂದು ಹಾವು ಅಂದರೆ ಅದು ನಾಗರವೂ ಆಗಬಹುದು, ಕೇರೆಯೂ ಆಗಬಹುದು, ಕೊಳಕುಮಂಡಲವೂ ಆಗಬಹುದು, ಗೋಡೆ ಹತ್ತುವ ತೋಳದ ಹಾವೂ ಆಗಬಹುದು. ಅದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ. ಹಾವು, ಕಪ್ಪೆ, ಓತಿಕ್ಯಾತ ಯಾವುದನ್ನೇ ಗುರುತಿಸಬೇಕಾದರೂ ಬಣ್ಣವನ್ನು ಕೊನೆಗೆ ನೋಡು. ಮೊದಲು ಜಾಗ, ಆಮೇಲೆ ಹೊತ್ತು, ಆಮೇಲೆ ನಡೆ, ಆಮೇಲೆ ಮೈಕಟ್ಟು. ಇಷ್ಟಾದ ಮೇಲೂ ಅನುಮಾನ ಉಳಿದರೆ ಬಣ್ಣ ನೋಡಿದರಾಯಿತು.

ಬಣ್ಣ ಯಾಕೆ ಮೋಸ ಮಾಡುತ್ತದೆ ಅಂದರೆ, ಅದು ನಿಲ್ಲುವುದಿಲ್ಲ. ನಾಗರಹಾವಿನಲ್ಲೇ ಗೋಧಿ ಬಣ್ಣದ್ದಿದೆ, ಕಂದು ಇದೆ, ಕರಿಯದೂ ಇದೆ. ಹೆಡೆಯ ಹಿಂದಿನ ಕನ್ನಡಕದ ಗುರುತು ಒಂದರಲ್ಲಿ ಅಚ್ಚು ಹೊಡೆದಂತೆ ಇರುತ್ತದೆ, ಇನ್ನೊಂದರಲ್ಲಿ ಮಾಸಿರುತ್ತದೆ. ಪೊರೆ ಬಿಡುವ ಮುಂಚೆ ಯಾವ ಹಾವಾದರೂ ಮಂಕಾಗಿ ಕಣ್ಣು ನೀಲಿಗಟ್ಟುತ್ತದೆ. ಇನ್ನು ನಮ್ಮ ಎರೆಮಣ್ಣಿನ ಸಂಗತಿ ನಿನಗೇ ಗೊತ್ತು. ಮಳೆ ಬಿದ್ದ ಮರುದಿನ ಅದರೊಳಗಿಂದ ಎದ್ದು ಬಂದದ್ದು ಹಾವಾಗಲಿ ಕಪ್ಪೆಯಾಗಲಿ, ಎಲ್ಲಕ್ಕೂ ಎರೆಯದೇ ಬಣ್ಣ.

ಜಾಗದಿಂದ ಶುರು ಮಾಡೋಣ. ನಮ್ಮ ಧಾರವಾಡ ಜಿಲ್ಲೆಗೆ ಎರಡು ಮುಖ. ಪಶ್ಚಿಮಕ್ಕೆ ಕಲಘಟಗಿಯ ಕಡೆ ಕಾಡು, ಮಲೆನಾಡಿನ ಸೆರಗು. ಪೂರ್ವಕ್ಕೆ ನವಲಗುಂದ, ಅಣ್ಣಿಗೇರಿ; ಕಣ್ಣು ಹರಿದಷ್ಟು ದೂರ ಎರೆಹೊಲ, ಅಲ್ಲೊಂದು ಇಲ್ಲೊಂದು ಬೇವು, ಜಾಲಿ. ಪಶ್ಚಿಮ ಘಟ್ಟದ ಬಗ್ಗೆ ಚಂದದ ಪುಸ್ತಕಗಳಿವೆ, ಓದು. ಆದರೆ ಅದರಲ್ಲಿ ಕಂಡದ್ದನ್ನೆಲ್ಲ ಬೆಣ್ಣಿಹಳ್ಳದ ದಂಡೆಯ ಮೇಲೆ ಹುಡುಕಬೇಡ. ತೇಜಸ್ವಿಯವರ 'ಕರ್ವಾಲೋ' 1980ರಲ್ಲಿ ಬಂದ ಮೇಲೆ ಹಾರುವ ಓತಿಯ ಹೆಸರು ಕೇಳದ ಕನ್ನಡ ಓದುಗರಿಲ್ಲ. ಅದರ ಮನೆ ಘಟ್ಟದ ಕಾಡು, ಅಡಿಕೆ ತೋಟ. ಹಾಗೆಯೇ ಕಾಳಿಂಗ ಸರ್ಪ. 2024ರಲ್ಲಿ ವಿಜ್ಞಾನಿಗಳು ಪಶ್ಚಿಮ ಘಟ್ಟದ ಕಾಳಿಂಗವನ್ನು ಬೇರೆಯೇ ಜಾತಿ ಎಂದು ತೀರ್ಮಾನಿಸಿ, ನಮ್ಮ ಕನ್ನಡದ ಮಾತನ್ನೇ ಉಳಿಸಿಕೊಂಡು 'ಒಫಿಯೋಫೇಗಸ್ ಕಾಳಿಂಗ' ಎಂದು ಹೆಸರಿಟ್ಟರು. ಅದೂ ಮಳೆಕಾಡಿನ ಜೀವಿ. ಗೋವಿನಜೋಳದ ಹೊಲದಲ್ಲಿ ಏಳಡಿ ಉದ್ದದ ಹಾವು ಹರಿದು ಹೋದರೆ ಯಾರಾದರೂ "ಕಾಳಿಂಗ, ಕಾಳಿಂಗ" ಎಂದು ಕೂಗಿಯೇ ಕೂಗುತ್ತಾರೆ. ನಮ್ಮ ಕಡೆ ಅಷ್ಟು ಉದ್ದದ್ದು ಹಗಲು ಹೊತ್ತಿನಲ್ಲಿ ಅವಸರದಿಂದ ಓಡಿತು ಅಂದರೆ ಅದು ಬಹುಪಾಲು ಕೇರೆಹಾವು. ಜಾಗ ಗೊತ್ತಿದ್ದರೆ ಅರ್ಧ ಹೆಸರುಗಳು ತಾವಾಗಿಯೇ ಬಿದ್ದು ಹೋಗುತ್ತವೆ.

ನಮ್ಮೂರಿನೊಳಗೂ ಜಾಗದಲ್ಲಿ ಜಾಗ ಇದೆ. ಬೇಸಿಗೆಯಲ್ಲಿ ಎರೆಭೂಮಿ ಮೊಣಕೈ ಇಳಿಯುವಷ್ಟು ಬಿರುಕು ಬಿಡುತ್ತದೆ. ಮೇಲೆ ಕಾಲಿಡಲಾಗದ ಬಿಸಿಲಿದ್ದಾಗ ಆ ಬಿರುಕಿನೊಳಗೆ ತಂಪು, ಇಲಿ, ಹಾವು, ಕಪ್ಪೆ ಎಲ್ಲ ಇರುತ್ತವೆ. ಮಲಪ್ರಭೆಯ ಕಾಲುವೆ ಮತ್ತು ಹಳ್ಳದ ದಂಡೆ ನೀರುಹಾವಿನ ಜಾಗ. ಮೈಮೇಲೆ ಚದುರಂಗದ ಹಾಸಿನ ಹಾಗೆ ಕಪ್ಪು ಚೌಕಗಳು, ಕಣ್ಣಿನ ಕೆಳಗಿನಿಂದ ಬಾಯಿಯ ಕಡೆ ಇಳಿದ ಎರಡು ಕಪ್ಪು ಗೆರೆ. ಅದು ಕೆಣಕಿದರೆ ಸಿಟ್ಟಿನಿಂದ ಮೈಯುಬ್ಬಿಸಿ ಕಚ್ಚಲು ಬರುತ್ತದೆ, ವಿಷವಿಲ್ಲ. ಜೋಳದ ಕಣಿಕೆಯ ಬಣವೆ, ಹೊಟ್ಟಿನ ಗುಂಪಿ, ಬದುವಿನ ದಪ್ಪ ಹುಲ್ಲು ಕೊಳಕುಮಂಡಲಕ್ಕೆ ಇಷ್ಟ. ಮನೆಯ ಗೋಡೆಯ ಸಂದು, ಇಟ್ಟಿಗೆ ರಾಶಿ, ಕಟ್ಟಿಗೆ ಒಟ್ಟಿದ ಮೂಲೆ ಕಟ್ಟುಹಾವಿಗೂ ತೋಳದ ಹಾವಿಗೂ ಆಗುತ್ತದೆ. ಗುಡ್ಡದ ಕಲ್ಲುನೆಲ, ಒಣ ಬೋಳು ಜಾಗ ಗರಗಸ ಮಂಡಲದ್ದು. ತಂಪು ಎರೆಹೊಲಕ್ಕಿಂತ ಗದಗದ ಕಪ್ಪತಗುಡ್ಡದಂಥ ಕಡೆ ಅದನ್ನು ನೆನಪಿಟ್ಟುಕೊಂಡು ಹೆಜ್ಜೆ ಇಡು.

ಹೊತ್ತು ಎರಡನೆಯ ಸಾಕ್ಷಿ. ಕೇರೆ ಹಗಲಿನದು. ಕಟ್ಟುಹಾವು ಪೂರಾ ರಾತ್ರಿಯದು, ಹಗಲು ಕೈಗೆ ಸಿಕ್ಕರೂ ಮುದ್ದೆಯಾಗಿ ತಲೆ ಮುಚ್ಚಿಕೊಳ್ಳುತ್ತದೆ; ಆ ಸಾಧು ಗುಣ ನೋಡಿ ಹುಡುಗರು ಕೈ ಹಾಕುತ್ತಾರೆ, ಅಲ್ಲೇ ಕೆಡುತ್ತದೆ. ಕೊಳಕುಮಂಡಲ ಸಂಜೆಯ ಮೇಲೆ ತಿರುಗುವುದು ಹೆಚ್ಚು, ಚಳಿಗಾಲದ ಬೆಳಗ್ಗೆ ಬಿಸಿಲು ಕಾಯಲು ಹೊರಗೆ ಬಂದು ಮಲಗಿರುತ್ತದೆ. ಕಡಲೆ ಕೀಳುವ, ಜೋಳ ಕೊಯ್ಯುವ ಕಾಲಕ್ಕೂ ಈ ಬಿಸಿಲು ಕಾಯುವ ಹೊತ್ತಿಗೂ ಗಂಟು ಬೀಳುತ್ತದೆ ನೋಡು.

ನಡೆಯನ್ನು ಕಲಿಯಲು ದೂರ ನಿಂತು ಸುಮ್ಮನೆ ನೋಡುವ ತಾಳ್ಮೆ ಬೇಕು. ಕೇರೆ ನಿನ್ನನ್ನು ಕಂಡ ಕ್ಷಣವೇ ಹೊರಟು ಬಿಡುತ್ತದೆ. ನಾಗರ ಮೊದಲು ಜಾರಿಕೊಳ್ಳಲು ನೋಡುತ್ತದೆ, ದಾರಿ ಸಿಗದಿದ್ದರೆ ಎದ್ದು ಹೆಡೆ ಬಿಚ್ಚುತ್ತದೆ. ಕೊಳಕುಮಂಡಲ ಇದ್ದಲ್ಲೇ ಸುರುಳಿ ಸುತ್ತಿ, ಕುಕ್ಕರ್ ಉಗಿ ಬಿಟ್ಟ ಹಾಗೆ ಉದ್ದಕ್ಕೆ ಬುಸುಗುಡುತ್ತದೆ. ಆ ಸಪ್ಪಳ ಕೇಳಿದ ಮೇಲೆ ಹತ್ತಿರ ಹೋಗಿ ನೋಡುವಂಥದ್ದು ಏನೂ ಉಳಿದಿಲ್ಲ, ಹಿಂದೆ ಸರಿ. ಗರಗಸ ಮಂಡಲ ಬಾಯಿಂದ ಸಪ್ಪಳ ಮಾಡುವುದೇ ಕಡಿಮೆ, ಮೈಯನ್ನು ಮಡಚಿ ಮಡಚಿ ಪಕ್ಕದ ಒರಟು ಹುರುಪೆಗಳನ್ನು ಒಂದಕ್ಕೊಂದು ಉಜ್ಜಿ ಸರಸರ ಅನಿಸುತ್ತದೆ. ಮಣ್ಣುಮುಕ್ಕ ನಿಧಾನಕ್ಕೆ ತೆವಳಿ ತಲೆಯನ್ನು ಮಣ್ಣಿಗೆ ತೂರಿಸುತ್ತದೆ. ಎರಡು ಹಾವು ಹೆಣೆದುಕೊಂಡು ಮೇಲೆದ್ದು ಬೀಳುವುದನ್ನು ನೀನೂ ನೋಡಿರಬಹುದು. ಜನ ಅದನ್ನು ನಾಗರ-ಕೇರೆಯ ಕೂಡಿಕೆ ಅನ್ನುತ್ತಾರೆ, ಕೇರೆಯನ್ನು ನಾಗರದ ಗಂಡು ಅನ್ನುವವರೂ ಇದ್ದಾರೆ. ಅವೆರಡೂ ಸಾಮಾನ್ಯವಾಗಿ ಗಂಡು ಕೇರೆಗಳು, ಒಂದರ ತಲೆಯನ್ನು ಇನ್ನೊಂದು ನೆಲಕ್ಕೆ ಒತ್ತಿ ಬಲ ನೋಡುವ ಕುಸ್ತಿ. ನಾಗರದಲ್ಲಿ ಗಂಡೂ ಇದೆ ಹೆಣ್ಣೂ ಇದೆ, ಕೇರೆಯಲ್ಲೂ ಹಾಗೆಯೇ.

ಇನ್ನು ಮೈಕಟ್ಟು. ಅದನ್ನು ಜೀವಂತ ಹಾವಿನ ಮೇಲೆ ಕಲಿಯಲು ಹೋಗಬೇಡ, ಪೊರೆಯ ಮೇಲೆ ಕಲಿ. ಮಳೆಗಾಲದಲ್ಲಿ ಬೇಲಿಯ ಮುಳ್ಳಿಗೆ, ಕಲ್ಲಿನ ಸಂದಿಗೆ, ಬಣವೆಯ ಬುಡಕ್ಕೆ ಸಿಕ್ಕಿ ಬಿದ್ದಿರುತ್ತದೆ. ಸುತ್ತ ಕೋಲಿನಿಂದ ಬಡಿದು, ಹಾವಿಲ್ಲ ಅಂತ ಖಾತ್ರಿ ಮಾಡಿಕೊಂಡು ಎತ್ತಿಕೋ. ಅದರಲ್ಲಿ ಬಣ್ಣ ಬಹುಮಟ್ಟಿಗೆ ಇರುವುದಿಲ್ಲವಾದ್ದರಿಂದ ಕಣ್ಣು ತಾನಾಗಿ ಆಕಾರದ ಕಡೆ ತಿರುಗುತ್ತದೆ. ಒಣಗಿದ್ದರೆ ಸ್ವಲ್ಪ ನೀರು ಚಿಮುಕಿಸಿ ಮೆತ್ತಗಾದ ಮೇಲೆ ಕರಿ ರಟ್ಟಿನ ಮೇಲೆ ಹರವು. ಕಣ್ಣಿದ್ದಲ್ಲಿ ಒಂದು ಗುಂಡು ಗಾಜಿನಂಥ ಹಾಳೆ ಕಾಣುತ್ತದೆ. ಹಾವಿಗೆ ರೆಪ್ಪೆ ಇಲ್ಲ, ಅದರ ಬದಲು ಈ ಮುಚ್ಚಳ, ಅದನ್ನೂ ಪೊರೆಯ ಜೊತೆ ಕಳಚುತ್ತದೆ. ತಲೆಯ ಮೇಲೆ ದೊಡ್ಡ ದೊಡ್ಡ ಫಲಕ ಜೋಡಿಸಿದಂತೆ ಇದ್ದರೆ ಅದು ನಾಗರ, ಕೇರೆ, ಕಟ್ಟುಹಾವು, ತೋಳದ ಹಾವು, ನೀರುಹಾವು ಇವುಗಳಲ್ಲಿ ಒಂದು. ತಲೆಯ ತುಂಬ ಸಣ್ಣ ಸಣ್ಣ ಹುರುಪೆಗಳೇ ಇದ್ದು, ಮೈಯ ಹುರುಪೆಯ ನಡುವೆ ಏಣು ಎದ್ದು ಬೆರಳಿಗೆ ಒರಟು ಹತ್ತಿದರೆ ಮಂಡಲದ ಮನೆತನ ಇರಬಹುದು. ಆಗ ಹೊಟ್ಟೆಯ ಕಡೆ ತಿರುಗಿಸು. ಮಂಡಲದ ಹೊಟ್ಟೆಯಲ್ಲಿ ಒಂದೊಂದು ಪಟ್ಟಿ ಈ ಅಂಚಿನಿಂದ ಆ ಅಂಚಿನವರೆಗೆ ಅಗಲಕ್ಕೆ ಇರುತ್ತದೆ. ಮಣ್ಣುಮುಕ್ಕದಲ್ಲಿ ಅದೇ ಪಟ್ಟಿ ತೀರ ಕಿರಿದು, ನಡುವೆ ಮಾತ್ರ.

ಬೆನ್ನಿನ ನಟ್ಟನಡುವಿನ ಸಾಲು ನೋಡುವುದನ್ನು ಮರೆಯಬೇಡ. ಅಲ್ಲಿಯ ಹುರುಪೆಗಳು ಅಕ್ಕಪಕ್ಕದವಕ್ಕಿಂತ ದೊಡ್ಡವಾಗಿ, ಆರು ಮೂಲೆಯಾಗಿ ಎದ್ದು ಕಂಡರೆ ಅದು ಕಟ್ಟುಹಾವು. ಬಾಲದ ಕೆಳಗೆ ಪಟ್ಟಿಗಳು ಒಂಟಿ ಸಾಲಿನಲ್ಲಿದ್ದರೆ ಮಾತು ಇನ್ನೂ ಗಟ್ಟಿಯಾಯಿತು. ತೋಳದ ಹಾವಿನಲ್ಲಿ ಅವು ಜೋಡಿಜೋಡಿ. ನಡು ಮೈಯಲ್ಲಿ ಒಂದು ಬದಿಯಿಂದ ಇನ್ನೊಂದು ಬದಿಗೆ ಓರೆಯಾಗಿ ಹುರುಪೆಯ ಸಾಲು ಎಣಿಸಿದರೆ ಕಟ್ಟುಹಾವಿಗೆ ಸಾಮಾನ್ಯವಾಗಿ 15, ಕೊಳಕುಮಂಡಲಕ್ಕೆ 27ರಿಂದ 33. ಉದ್ದವನ್ನು ಮಾತ್ರ ಪೊರೆಯಿಂದ ಹೇಳಬೇಡ, ಕಳಚುವಾಗ ಅದು ಹಿಗ್ಗಿ ಹಾವಿಗಿಂತ ಉದ್ದವಾಗಿರುತ್ತದೆ. ಒಂದೊಂದನ್ನೂ ಹಳೇ ನೋಟುಬುಕ್ಕಿನ ಹಾಳೆಗೆ ಅಂಟಿಸಿ, ಸಿಕ್ಕ ಜಾಗ, ತಾರೀಖು ಬರೆದಿಡು. ಒಂದು ಮಳೆಗಾಲದೊಳಗೆ ನಿನ್ನ ಕಣ್ಣು ಬೇರೆಯೇ ಆಗಿರುತ್ತದೆ.

ಈಗ ಜೀವಕ್ಕೆ ಸಂಬಂಧಿಸಿದ ಮಾತು. ನಮ್ಮ ದೇಶದಲ್ಲಿ ಹೆಚ್ಚು ಜನರನ್ನು ಬಲಿ ತೆಗೆದುಕೊಳ್ಳುವ ಹಾವು ನಾಲ್ಕು: ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ. ಈ ನಾಲ್ಕಕ್ಕೂ ತದ್ರೂಪದವು ಇವೆ. ಕಟ್ಟುಹಾವಿಗೂ ತೋಳದ ಹಾವಿಗೂ ಆಗುವ ಗೊಂದಲ ಎಲ್ಲಕ್ಕಿಂತ ಕೆಟ್ಟದ್ದು, ಯಾಕೆಂದರೆ ಎರಡೂ ರಾತ್ರಿ ಮನೆಯೊಳಗೆ ಬರುತ್ತವೆ. ಕಟ್ಟುಹಾವು ಮಿರುಗುವ ಕರಿ. ತೆಳುವಾದ ಬಿಳಿ ಪಟ್ಟಿಗಳು, ಬಹಳ ಸಲ ಎರಡೆರಡು ಜೋಡಿಯಾಗಿ. ಆ ಪಟ್ಟಿ ತಲೆಯ ಹತ್ತಿರ ಇರುವುದಿಲ್ಲ ಅಥವಾ ಚುಕ್ಕಿಯಾಗಿ ಮಾಸಿರುತ್ತದೆ, ಬಾಲದ ಕಡೆ ಹೋದಂತೆ ಸ್ಪಷ್ಟ. ತೋಳದ ಹಾವಿನಲ್ಲಿ ಇದು ತಿರುವುಮುರುವು: ಪಟ್ಟಿ ಕುತ್ತಿಗೆಯಿಂದಲೇ ಶುರುವಾಗಿ ಅಗಲವಾಗಿರುತ್ತದೆ, ಬಾಲದ ಕಡೆ ಅಳಿಸುತ್ತ ಹೋಗುತ್ತದೆ, ತಲೆ ಚಪ್ಪಟೆ, ಒರಟು ಗೋಡೆಯನ್ನು ಸಲೀಸಾಗಿ ಹತ್ತುತ್ತದೆ. ಕೊಳಕುಮಂಡಲದ ಬೆನ್ನ ಮೇಲೆ ಸರಪಳಿಯ ಕೊಂಡಿಗಳಂತೆ ಮೂರು ಸಾಲು ಅಂಡಾಕಾರದ ಮಚ್ಚೆ, ತಲೆ ತ್ರಿಕೋನ, ಕುತ್ತಿಗೆ ಬೇರೆಯಾಗಿ ಕಾಣುತ್ತದೆ. ಅದರಂತೆಯೇ ತೋರುವ ಮಚ್ಚೆಯ ಮಣ್ಣುಮುಕ್ಕದಲ್ಲಿ ಮಚ್ಚೆಗಳು ಅಂಕುಡೊಂಕಾಗಿ ಒಂದಕ್ಕೊಂದು ಬೆರೆತಿರುತ್ತವೆ, ಕುತ್ತಿಗೆ ಎಂಬುದೇ ಇಲ್ಲ, ಬಾಲ ಮೊಂಡು. ಹೆಡೆ ಬಿಚ್ಚದ ನಾಗರವನ್ನು ಕೇರೆಯಿಂದ ಬೇರೆ ಮಾಡಬೇಕಾದರೆ ಕೇರೆಯ ದೊಡ್ಡ ಕಣ್ಣು, ಸಣ್ಣ ಕುತ್ತಿಗೆ, ತುಟಿಯ ಮೇಲಿನ ಕಪ್ಪು ಗೆರೆಗಳನ್ನು ನೋಡು.

ಇಷ್ಟೆಲ್ಲ ಹೇಳಿದರೂ ಒಂದು ಕಟ್ಟಪ್ಪಣೆ ಇದೆ. ಕತ್ತಲಲ್ಲಿ ಅವಸರದಲ್ಲಿ ಕಂಡ ಪಟ್ಟೆ ಹಾವನ್ನು ಎಂದೂ ತೋಳದ ಹಾವು ಎಂದು ತೀರ್ಪು ಕೊಡಬೇಡ. ಗುರುತು ಹಿಡಿಯಲು ಹೊರಟವನು ಅನುಮಾನ ಬಂದಾಗ ಅದನ್ನು ವಿಷದ್ದೆಂದೇ ತಿಳಿಯಬೇಕು.

ಕಟ್ಟುಹಾವಿನ ಬಗ್ಗೆ ಮನೆಯ ಹೆಣ್ಣುಮಕ್ಕಳಿಗೂ ಹಿರಿಯರಿಗೂ ಹೇಳು. ನೆಲದ ಮೇಲೆ ಮಲಗಿದವರನ್ನು ಅದು ನಿದ್ದೆಯಲ್ಲಿ ಕಚ್ಚುತ್ತದೆ, ಉರಿ ಇಲ್ಲ, ಬಾವು ಇಲ್ಲ, ಹಲ್ಲಿನ ಗುರುತೂ ಕಾಣದೆ ಇರಬಹುದು. ನಸುಕಿನಲ್ಲಿ ಹೊಟ್ಟೆನೋವು, ರೆಪ್ಪೆ ಜೋತು ಬೀಳುವುದು, ಮಾತು ತೊದಲುವುದು ಶುರುವಾಗುತ್ತದೆ; ಮನೆಯವರು ಅಜೀರ್ಣ ಎಂದುಕೊಂಡು ಹೊತ್ತು ಕಳೆಯುತ್ತಾರೆ. ಬೇಸಿಗೆಯಲ್ಲಿ ಕಣದಲ್ಲೋ ಅಂಗಳದಲ್ಲೋ ಮಲಗುವ ರೂಢಿ ನಮ್ಮಲ್ಲಿ ಇನ್ನೂ ಇದೆ. ಮಂಚದ ಮೇಲೆ ಮಲಗು, ಇಲ್ಲದಿದ್ದರೆ ಸೊಳ್ಳೆಪರದೆ ಕಟ್ಟಿ ಅಂಚನ್ನು ಹಾಸಿಗೆಯ ಕೆಳಗೆ ಸಿಕ್ಕಿಸಿಕೋ. ಒಂದು ಪರದೆ ಸೊಳ್ಳೆಯನ್ನೂ ಕಟ್ಟುಹಾವನ್ನೂ ಹೊರಗಿಡುತ್ತದೆ.

ಕಚ್ಚಿದರೆ ಕೈಕಾಲು ಅಲುಗಾಡಿಸದೆ ಇರಿಸು, ಉಂಗುರ, ಬಳೆ, ಕಾಲುಂಗುರ ತೆಗೆಸು, 108ಕ್ಕೆ ಫೋನ್ ಮಾಡು ಅಥವಾ ಸಿಕ್ಕ ಗಾಡಿಯಲ್ಲಿ ತಾಲ್ಲೂಕು ಆಸ್ಪತ್ರೆಗೆ ಒಯ್ಯಿ. ಉಸಿರಾಟಕ್ಕೆ ಯಂತ್ರ ಬೇಕಾದರೆ ಅಲ್ಲಿಂದ ಹುಬ್ಬಳ್ಳಿಯ ದೊಡ್ಡ ಸರಕಾರಿ ಆಸ್ಪತ್ರೆಗೆ ಕಳಿಸುತ್ತಾರೆ. ಹಗ್ಗ ಬಿಗಿಯುವುದು, ಬ್ಲೇಡಿನಿಂದ ಕೊಯ್ಯುವುದು, ಬಾಯಿಂದ ಹೀರುವುದು, ಮಂತ್ರ ಹಾಕಿಸುವುದು ಯಾವುದೂ ಬೇಡ. ಹಾವನ್ನು ಹೊಡೆದು ಚೀಲದಲ್ಲಿ ಆಸ್ಪತ್ರೆಗೆ ತರಬೇಕಿಲ್ಲ. ನಮ್ಮಲ್ಲಿ ಸಿಗುವ ವಿಷನಿರೋಧಕ ಔಷಧ ಆ ನಾಲ್ಕೂ ಹಾವುಗಳ ವಿಷಕ್ಕೆ ಸೇರಿ ಒಂದೇ. ಅದಕ್ಕೆ ಬೇಕಾದ ವಿಷದ ಬಹುಪಾಲನ್ನು ತಮಿಳುನಾಡಿನ ಇರುಳರ ಸಹಕಾರ ಸಂಘ ತೆಗೆದುಕೊಡುತ್ತದೆ; 1978ರಲ್ಲಿ ಶುರುವಾದದ್ದು ಅದು. ವೈದ್ಯರು ರೋಗಿಯ ಲಕ್ಷಣ ನೋಡಿ, ರಕ್ತವನ್ನು ಗಾಜಿನ ಕೊಳವೆಯಲ್ಲಿ 20 ನಿಮಿಷ ಇಟ್ಟು ಹೆಪ್ಪುಗಟ್ಟುತ್ತದೋ ಇಲ್ಲವೋ ಪರೀಕ್ಷಿಸಿ ಚಿಕಿತ್ಸೆ ಕೊಡುತ್ತಾರೆ. 2000ದಿಂದ 2019ರ ನಡುವೆ ಭಾರತದಲ್ಲಿ ಸುಮಾರು 12 ಲಕ್ಷ ಜನ ಹಾವು ಕಚ್ಚಿ ಸತ್ತರೆಂದು ಒಂದು ದೊಡ್ಡ ಅಧ್ಯಯನ ಅಂದಾಜು ಮಾಡಿತು. ಅವರಲ್ಲಿ ಹೆಚ್ಚಿನವರು ನಮ್ಮಂಥ ಹಳ್ಳಿಯವರು. ಕರ್ನಾಟಕ ಸರಕಾರ 2024ರಲ್ಲಿ ಪ್ರತಿ ಹಾವು ಕಡಿತವನ್ನೂ ಆಸ್ಪತ್ರೆಗಳು ವರದಿ ಮಾಡಲೇಬೇಕೆಂದು ಮಾಡಿದ್ದು ಒಳ್ಳೆಯ ಕೆಲಸ. ಎಲ್ಲಿ ಎಷ್ಟು ಎಂದು ತಿಳಿದರೆ ತಾನೆ ಔಷಧವೂ ಅಲ್ಲಿಗೆ ಬರುವುದು.

ಇದರ ಜೊತೆಗೇ ಇನ್ನೊಂದು. ಹಾವಿನ ಬಾಲ ಹಿಡಿದು ಎತ್ತಿ ವಿಡಿಯೋ ಮಾಡಿಸಿಕೊಳ್ಳುವವರನ್ನು ನೋಡಿ ಮರುಳಾಗಬೇಡ. ಗುರುತಿಸುವ ಕೆಲಸಕ್ಕೆ ಹಾವನ್ನು ಮುಟ್ಟುವ ಅಗತ್ಯ ಒಂದು ಸಲವೂ ಬರುವುದಿಲ್ಲ. 1972ರ ವನ್ಯಜೀವಿ ಕಾಯ್ದೆಯ ಪ್ರಕಾರ ಇವನ್ನು ಕೊಲ್ಲುವುದೂ ಸಾಕುವುದೂ ಅಪರಾಧ. ಮನೆಯೊಳಗೆ ಬಂದರೆ ದೂರದಿಂದ ಕಣ್ಣಿಟ್ಟು ಅರಣ್ಯ ಇಲಾಖೆಗೆ ಹೇಳು. ಇನ್ನು ಎರಡು ತಲೆ ಹಾವು ಎಂದು ಕರೆಯುವ ಕೆಂಪು ಮಣ್ಣುಮುಕ್ಕದ ಹೆಸರಿನಲ್ಲಿ ಲಕ್ಷಗಟ್ಟಲೆ ಆಸೆ ತೋರಿಸುವವರು ನಮ್ಮ ಸೀಮೆಯಲ್ಲೂ ಓಡಾಡುತ್ತಾರೆ. ಅದಕ್ಕೆ ತಲೆ ಒಂದೇ. ಬಾಲ ಮೊಂಡಾಗಿ ತಲೆಯಂತೆ ತೋರುತ್ತದೆ, ಹೆದರಿದಾಗ ನಿಜವಾದ ತಲೆಯನ್ನು ಬಚ್ಚಿಟ್ಟು ಬಾಲವನ್ನು ಮುಂದೆ ಮಾಡುತ್ತದೆ. ಅದೃಷ್ಟ ತರುತ್ತದೆ, ಔಷಧ ಆಗುತ್ತದೆ ಎಂಬುದೆಲ್ಲ ಸುಳ್ಳು. ಆ ಹಾವನ್ನೋ ನಕ್ಷತ್ರ ಆಮೆಯನ್ನೋ ಎಲ್ಲಿ ಕಂಡೆ ಎಂಬುದನ್ನು ಯಾವ ವಾಟ್ಸಾಪ್ ಗುಂಪಿಗೂ ಹಾಕಬೇಡ, ನನಗೆ ಮಾತ್ರ ಹೇಳು.

ಪಂಚಮಿಗೆ ನಿಮ್ಮ ಅವ್ವ ಹುತ್ತಕ್ಕೆ ಹಾಲೆರೆಯುವಾಗ ಬೇಡ ಎನ್ನಬೇಡ, ಭಕ್ತಿ ಅವಳದು. ಹುತ್ತದ ಬಾಯಿ ತುಂಬುವಷ್ಟು ಸುರಿಯುವ ಬದಲು ಮಣ್ಣಿನ ನಾಗಪ್ಪನಿಗೆ ಎರೆ ಎಂದು ಕಿವಿಯಲ್ಲಿ ಹೇಳು. ಹಾವು ಹಾಲು ಕುಡಿದು ಬದುಕುವ ಪ್ರಾಣಿ ಅಲ್ಲ.

ಕಪ್ಪೆಗಳ ಕಡೆ ಬರೋಣ. ನನ್ನ ಪ್ರಕಾರ ನೀನು ಶುರು ಮಾಡಬೇಕಾದದ್ದು ಅಲ್ಲಿಂದಲೇ, ಅಪಾಯವಿಲ್ಲ, ಕಲಿಯುವುದು ಬಹಳ. ಇಲ್ಲಿ ಕಣ್ಣಿಗಿಂತ ಕಿವಿ ಮುಂದೆ. ರೋಹಿಣಿ, ಮೃಗಶಿರಾ ಮಳೆಗೆ ಹಳ್ಳದ ಪಕ್ಕದ ತಗ್ಗಿನಲ್ಲಿ ನೀರು ನಿಂತ ರಾತ್ರಿ ಬ್ಯಾಟರಿ ತೆಗೆದುಕೊಂಡು, ಬೂಟು ಹಾಕಿಕೊಂಡು, ಜೊತೆಗೊಬ್ಬರನ್ನು ಕರೆದುಕೊಂಡು ಹೋಗು. ಹೋದ ಕೂಡಲೇ ಬೆಳಕು ಬಿಡಬೇಡ. ಕತ್ತಲಲ್ಲಿ ನಿಂತು ಎಷ್ಟು ಬಗೆಯ ದನಿ ಇದೆ ಎಂದು ಬೇರೆಬೇರೆ ಮಾಡು, ಮೊಬೈಲಿನಲ್ಲಿ ಧ್ವನಿ ಹಿಡಿದಿಟ್ಟುಕೋ. ಹೊಟ್ಟೆಯೊಳಗಿಂದ ಬಂದಂಥ ಭಾರದ ದನಿ ಗೋಂಕರುಗಪ್ಪೆಯದು. ಅದಕ್ಕಿಂತ ಜೋರಾಗಿ ಹುಲ್ಲಿನ ಬುಡದಿಂದ ಕಿರ್ರ್ ಕಿರ್ರ್ ಎಂದು ಕೊರೆಯುವುದನ್ನು ಹುಡುಕಿಕೊಂಡು ಹೋದರೆ ಹೆಬ್ಬೆರಳಿನ ಉಗುರಿಗಿಂತ ತುಸು ದೊಡ್ಡ ಕಪ್ಪೆ ಸಿಗುತ್ತದೆ: ಎರಡು ಎರಡೂವರೆ ಸೆಂಟಿಮೀಟರ್, ಚೂಪು ಮೂತಿ, ಬೆನ್ನ ಮೇಲೆ ಕಂದು ಬಣ್ಣದ ಚಿತ್ತಾರ. ಅಷ್ಟು ದೊಡ್ಡ ದನಿ ಇಷ್ಟು ಸಣ್ಣ ಮೈಯಿಂದ ಬಂತೆಂದು ನಂಬುವುದೇ ಕಷ್ಟ. ಟಕ್ ಟಕ್ ಎಂದು ಕಟ್ಟಿಗೆ ಬಡಿದಂಥ ದನಿ ಗಿಡದ ಮೇಲಿನಿಂದಲೋ ಬಚ್ಚಲ ಗೋಡೆಯಿಂದಲೋ ಬಂದರೆ ಮರಗಪ್ಪೆ. ಬೆರಳ ತುದಿಯಲ್ಲಿ ಗುಂಡು ಬಿಲ್ಲೆ ಇದೆಯೋ ನೋಡು.

ಬಣ್ಣದ ಮಾತು ಇಲ್ಲೂ ಅದೇ. ಗೋಂಕರುಗಪ್ಪೆ ವರ್ಷದ ಬಹುಕಾಲ ಪಾಚಿ ಹಸಿರು, ಮೇಲೆ ಕಪ್ಪು ಮಚ್ಚೆ. ಮೊದಲ ದೊಡ್ಡ ಮಳೆಗೆ ಗಂಡುಗಳು ನಿಂಬೆಹಣ್ಣಿನ ಹಳದಿಗೆ ತಿರುಗಿ, ಗಂಟಲ ಎರಡೂ ಬದಿಗೆ ನೀಲಿ ಚೀಲ ಉಬ್ಬಿಸುತ್ತವೆ. ಮಳೆ ನಿಂತು ಕೆಲವು ದಿನಕ್ಕೆ ಮತ್ತೆ ಹಳೇ ಬಣ್ಣ. ವರ್ಷಕ್ಕೊಮ್ಮೆ ಪತ್ರಿಕೆಗಳಲ್ಲಿ "ಅಪರೂಪದ ಹಳದಿ ಕಪ್ಪೆ ಪತ್ತೆ" ಎಂದು ಬರುತ್ತದಲ್ಲ, ಅದು ನಮ್ಮ ಕಾಲುವೆಯಲ್ಲಿ ಇರುವುದೇ. ಈ ಜಾತಿಯ ಕಾಲಿನ ಮಾಂಸ ವಿದೇಶಕ್ಕೆ ಟನ್‌ಗಟ್ಟಲೆ ಹೋಗುತ್ತಿತ್ತು, ಕೇಂದ್ರ ಸರಕಾರ 1987ರಲ್ಲಿ ಆ ರಫ್ತನ್ನು ನಿಲ್ಲಿಸಿತು.

ಎರೆಹೊಲದ ನಿಜವಾದ ಒಡೆಯ ಬಿಲಗಪ್ಪೆ. ಗುಂಡಗೆ, ಗಿಡ್ಡ, ಮುಷ್ಟಿಯೊಳಗೆ ಹಿಡಿಯುವಷ್ಟು. ಅದನ್ನು ಹೆಸರಿನ ಹೊಲದಲ್ಲಿ ಮಳೆ ನಿಂತ ಮೇಲೆ ಕೂತು ನೋಡು. ಹಿಂಗಾಲಿನ ಅಂಗಾಲಿನಲ್ಲಿ ಸನಿಕೆಯ ಅಲಗಿನಂಥ ಒಂದು ಗಟ್ಟಿ ಏಣು ಇದೆ. ಮೊದಲು ಎಡಗಾಲು ಸರಿಸುತ್ತದೆ, ಆಮೇಲೆ ಬಲಗಾಲು. ಮಣ್ಣು ಎರಡೂ ಬದಿಗೆ ಸರಿಯುತ್ತದೆ, ಮೈ ತುಸು ತಿರುಗುತ್ತ ಹಿಂಬದಿಯಿಂದ ಕೆಳಗಿಳಿಯುತ್ತದೆ. ಮುಖ ಮಾತ್ರ ನಿನ್ನ ಕಡೆಗೇ ಇರುತ್ತದೆ. ಸೊಂಟ ಮುಚ್ಚಿತು, ಬೆನ್ನು ಮುಚ್ಚಿತು, ಎರಡು ಕಣ್ಣು ಉಳಿದವು, ಅವನ್ನೂ ಒಳಗೆಳೆದುಕೊಂಡಿತು. ಮೇಲೆ ಸಡಿಲ ಮಣ್ಣಿನ ಒಂದು ಗುರುತು ಬಿಟ್ಟರೆ ಏನೂ ಇಲ್ಲ. ಒಣ ತಿಂಗಳುಗಳನ್ನೆಲ್ಲ ಅದು ಹೀಗೆ ನೆಲದೊಳಗೇ ಕಳೆಯುತ್ತದೆ, ನಾವು ಅದರ ಮೇಲೆ ಕುಂಟೆ ಹೊಡೆಯುತ್ತಿರುತ್ತೇವೆ. ಆ ಹಿಂಗಾಲಿನ ಅಲಗು ಕಂಡರೆ ಬೆನ್ನಿನ ಬಣ್ಣ ಏನಿದ್ದರೂ ಬಿಲಗಪ್ಪೆಯ ಬಳಗವನ್ನು ಗುರುತು ಹಿಡಿದಂತೆ.

ಬೀದಿದೀಪದ ಕೆಳಗೆ ಹುಳ ತಿನ್ನಲು ಬರುವ ಒರಟು ಮೈಯದು ನೆಲಗಪ್ಪೆ. ಕಣ್ಣಿನ ಹಿಂದೆ ಎರಡು ಉಬ್ಬಿದ ಗ್ರಂಥಿ, ತಲೆಯ ಮೇಲೆ ಕಪ್ಪು ಅಂಚಿನ ಏಣು. ಮುಟ್ಟಿದರೆ ನರುಳಿ ಆಗುತ್ತದೆ ಎಂಬುದು ಸುಳ್ಳು. ಆದರೆ ಗ್ರಂಥಿಯ ಹಾಲು ಕಣ್ಣಿಗೆ ತಾಗಿದರೆ ಉರಿ, ನಾಯಿ ಬಾಯಿ ಹಾಕಿದರೆ ನೊರೆ ಸುರಿಸುತ್ತದೆ. ಮೊಟ್ಟೆ ನೋಡಿಯೂ ಹೇಳಬಹುದು: ನೆಲಗಪ್ಪೆಯದು ಉದ್ದ ಮಣಿಸರ, ಮರಗಪ್ಪೆಯದು ನೀರಿನ ಮೇಲುಗಡೆ ನೊರೆಯ ಗೂಡು. ಕಪ್ಪೆಗಳನ್ನು ಕೈಯಲ್ಲಿ ಹಿಡಿಯುವ ಚಟ ಬೇಡ. ಅವು ಚರ್ಮದಿಂದಲೂ ಉಸಿರಾಡುತ್ತವೆ, ಹತ್ತಿಗೆ ಔಷಧ ಹೊಡೆದು ಬಂದ ಕೈ ಅವಕ್ಕೆ ವಿಷ.

ಕೆ.ವಿ. ಗುರುರಾಜ ಅವರು 2012ರಲ್ಲಿ ಪಶ್ಚಿಮ ಘಟ್ಟದ ಕಪ್ಪೆಗಳ ಬಗ್ಗೆ ಒಂದು ಚಿತ್ರ ಕೈಪಿಡಿ ಮಾಡಿದ್ದಾರೆ. ಅವರೂ ಜೊತೆಯವರೂ 2014ರಲ್ಲಿ ಉತ್ತರ ಕನ್ನಡದ ತೊರೆಗಳ ಒಂದು ಕಪ್ಪೆಯನ್ನು ಲೋಕಕ್ಕೆ ಪರಿಚಯಿಸಿ 'ಕುಂಬಾರ' ಎಂದು ಹೆಸರಿಟ್ಟರು. ಗಂಡು ಕಪ್ಪೆ ಕೈಯಲ್ಲಿ ಕೆಸರು ತಂದು ಮೊಟ್ಟೆಗಳಿಗೆ ಮೆತ್ತುತ್ತದೆ. ಕೆಲಸ ನೋಡಿ ಕೊಟ್ಟ ಹೆಸರು ಅದು. ರಾತ್ರಿ ತೊರೆಯ ಹತ್ತಿರ ಕೂತು ನೋಡದಿದ್ದರೆ ಆ ಹೆಸರು ಹುಟ್ಟುತ್ತಿರಲಿಲ್ಲ.

ಓತಿಕ್ಯಾತನ ವಿಷಯ ಬೇಗ ಮುಗಿಸುತ್ತೇನೆ. ಬೇಲಿಯ ಮೇಲೆ ತಲೆ ಕುಣಿಸುವ ಓತಿಕ್ಯಾತನ ಮುಖ ಕೆಂಪಾಯಿತೆಂದು ಗೋಸುಂಬೆ ಎನ್ನುವವರು ಬಹಳ. ಗೋಸುಂಬೆಯ ಎರಡು ಕಣ್ಣು ಬೇರೆಬೇರೆ ಕಡೆ ತಿರುಗುತ್ತವೆ, ಬೆರಳುಗಳು ಇಕ್ಕಳದಂತೆ ಎರಡು ಭಾಗವಾಗಿ ಟೊಂಗೆ ಹಿಡಿಯುತ್ತವೆ, ಬಾಲ ಸುರುಳಿ, ನಡೆ ತೀರ ನಿಧಾನ. ಸರಕ್ಕನೆ ಓಡಿದ್ದು ಗೋಸುಂಬೆಯಲ್ಲ. ಬೇಸಿಗೆಯ ಕೊನೆಗೆ ಬೋಳು ಬಯಲಿನಲ್ಲಿ ಕಲ್ಲಿನ ಮೇಲೆ ನಿಂತು ಗಂಟಲಿನಿಂದ ನೀಲಿ, ಕಪ್ಪು, ಕಿತ್ತಳೆಯ ಬೀಸಣಿಗೆ ಬಿಚ್ಚುವ ಸಣ್ಣ ಓತಿ ಕಂಡರೆ ನೆಲದ ಮೇಲೆ ಕೂತುಬಿಟ್ಟು ನೋಡು. ಮಹಾರಾಷ್ಟ್ರ ಮತ್ತು ಉತ್ತರ ಕರ್ನಾಟಕದ ಇಂಥ ಓತಿಗಳಿಗೆ 2016ರಲ್ಲಿ 'ಸರಡಾ' ಎಂಬ ಹೊಸ ಕುಲವನ್ನೇ ಮಾಡಿದರು. ಪಾಳು ಬಿದ್ದ ಬಯಲು ಎಂದು ನಾವು ಕರೆಯುವುದು ಅವುಗಳ ಊರು. ಹಾವರಾಣಿಗೆ ವಿಷವಿಲ್ಲ, ಉಡದ ಮರಿಯ ಕಡಿತದಿಂದ ಯಾರೂ ಸಾಯುವುದಿಲ್ಲ. ಜನರ ಪ್ರಾಣ ತೆಗೆಯುವಂಥ ವಿಷದ ಹಲ್ಲಿ ಈ ದೇಶದಲ್ಲಿ ಒಂದೂ ಇಲ್ಲ. ಉಡವನ್ನು ಮಾಂಸಕ್ಕೆ, ಎಣ್ಣೆಗೆ ಹೊಡೆಯುವವರಿಗೆ ಕಾನೂನು ಹುಲಿಗೆ ಕೊಟ್ಟ ರಕ್ಷಣೆಯನ್ನೇ ಅದಕ್ಕೂ ಕೊಟ್ಟಿದೆ ಎಂದು ಹೇಳು. ಬಚ್ಚಲ ಮೋರಿಯಲ್ಲಿ ಎರೆಹುಳದಂಥ ಕರಿ ದಾರ ಹರಿದರೆ ಉಪ್ಪು ಸುರಿಯಬೇಡ. ಮೈಮೇಲೆ ಉಂಗುರಗಳಿಲ್ಲದೆ ಹೊಳೆಯುತ್ತಿದ್ದರೆ, ಪುಟ್ಟ ನಾಲಿಗೆ ಹೊರಹಾಕಿದರೆ ಅದು ಹುಳುಹಾವು. ಇರುವೆ, ಗೆದ್ದಲಿನ ಮರಿ ತಿಂದು ಬದುಕುತ್ತದೆ. ಅದರಲ್ಲಿ ಈವರೆಗೆ ಕಂಡದ್ದೆಲ್ಲ ಹೆಣ್ಣುಗಳೇ, ಗಂಡಿನ ನೆರವಿಲ್ಲದೆ ಮೊಟ್ಟೆ ಇಡುತ್ತವೆ.

ಫೋಟೋ ತೆಗೆಯುವುದಾದರೆ ಹಾವಿನ ಉದ್ದದ ಎರಡರಷ್ಟಾದರೂ ದೂರ ನಿಂತು ಝೂಮ್ ಮಾಡು. ತಲೆಯ ಪಕ್ಕ, ನಡು ಬೆನ್ನು, ಬಾಲ, ಮೂರೂ ಇರಲಿ. ಸಿಗದಿದ್ದರೆ ಬಿಡು, ಎದುರು ಹೋಗಿ ನಿಲ್ಲಬೇಡ. ನೋಟುಬುಕ್ಕಿನಲ್ಲಿ ತಾರೀಖು, ಹೊತ್ತು, ಯಾವ ಮಳೆ, ಯಾವ ಬೆಳೆ, ಎರೆಯೋ ಮಸಾರಿಯೋ, ಏನು ಮಾಡುತ್ತಿತ್ತು ಬರೆ. ಹೆಸರಿನ ಜಾಗ ಖಾಲಿ ಬಿಟ್ಟರೂ ಅಡ್ಡಿಯಿಲ್ಲ, ಊಹೆಯನ್ನು ಹೆಸರಾಗಿ ಬರೆಯಬೇಡ. ಮೊದಲ ವರ್ಷ ದೂರ ಹೋಗಬೇಕಿಲ್ಲ. ನಿಮ್ಮ ಹಿತ್ತಲು, ನೀಲಮ್ಮನ ಕೆರೆಯ ದಂಡೆ, ನಿಮ್ಮ ಹೊಲ, ಇಷ್ಟು ಸಾಕು.

ಕೃಷಿ ಹೊಂಡದ ಒಂದು ಕೆಲಸ ಮಾತ್ರ ಈ ವಾರವೇ ಮಾಡು. ಪ್ಲಾಸ್ಟಿಕ್ ಹಾಳೆ ಹಾಸಿದ ಹೊಂಡಕ್ಕೆ ಬಿದ್ದ ಹಾವು, ಉಡ, ಆಮೆ, ನೆಲಗಪ್ಪೆ ಮೇಲೆ ಹತ್ತಲಾರದೆ ಮುಳುಗಿ ಸಾಯುತ್ತವೆ. ನಾಲ್ಕು ಮೂಲೆಗೂ ಹಳೇ ಗೋಣಿಚೀಲಗಳನ್ನು ಒಂದಕ್ಕೊಂದು ಹೊಲಿದು ದಂಡೆಯ ಗೂಟಕ್ಕೆ ಕಟ್ಟಿ ನೀರಿನೊಳಗೆ ಇಳಿಬಿಡು. ಬೆಳಗ್ಗೆ ಹೋದಾಗ ಗೋಣಿಯ ಮೇಲೆ ಯಾರು ಕೂತಿದ್ದಾರೆ, ಯಾರು ಹತ್ತಿ ಹೋದ ಹಸಿ ಗುರುತಿದೆ, ಬರೆದಿಟ್ಟು ನನಗೆ ಕಳಿಸು.

ನಿನ್ನ ಕಾಕಾ